ಕಲ್ಲೇಶಪ್ಪನವರ ಒಣಕಾಯಿ ಟ್ಯಾಂಕುಗಳು

ಒಣ ತೆಂಗಿನಕಾಯಿಯ ಜುಟ್ಟು ಕಿಟಕಿಯ ಕಡೆಗೇ ತಿರುಗಿರಬೇಕು. ಅದು ಸ್ವಲ್ಪ ಬಾಗಿಲ ಕಡೆ ವಾಲಿದರೂ ಕಲ್ಲೇಶಪ್ಪನವರು ಪಾಠ ನಿಲ್ಲಿಸಿ, ಮೇಜಿನ ಬಳಿ ಬಂದು, ಎರಡು ಬೆರಳಿನಿಂದ ಸರಿಪಡಿಸುತ್ತಿದ್ದರು. ಜುಟ್ಟು ಎಂದರೆ ಫಿರಂಗಿಯ ನಳಿಗೆ. ಕಾಯಿ ಎಂದರೆ ಜರ್ಮನಿಯ ಟೈಗರ್ ಟ್ಯಾಂಕು. ಕಿಟಕಿಯಾಚೆ ಇದ್ದದ್ದು ಕಾಲೇಜಿನ ಸೈಕಲ್ ಸ್ಟ್ಯಾಂಡು. ಎರಡನೇ ಮಹಾಯುದ್ಧದ ಪಾಠವಿದ್ದ ದಿನ ಅದು ರಷ್ಯಾ.

ಕಡೂರಿನ ಒಂದು ಖಾಸಗಿ ಪದವಿ ಕಾಲೇಜಿನಲ್ಲಿ ಅವರು ಇತಿಹಾಸ ವಿಭಾಗದ ಮುಖ್ಯಸ್ಥರು. ನಾನು ಅದೇ ವಿಭಾಗದ ಅತಿಥಿ ಉಪನ್ಯಾಸಕಿ. ವಿಭಾಗದಲ್ಲಿ ಇದ್ದದ್ದು ನಾವಿಬ್ಬರೇ. ಪ್ರತಿ ವರ್ಷ ನನ್ನ ನೇಮಕ ಮುಂದುವರಿಯಬೇಕಾದರೆ ಅವರು ಒಪ್ಪಬೇಕಿತ್ತು. ಆದ್ದರಿಂದ ಅವರ ಟ್ಯಾಂಕುಗಳನ್ನು ನಾನು ಎರಡು ವರ್ಷ ಸಹಿಸಿದೆ.

ಕಾಯಿಗಳು ಪಂಚನಹಳ್ಳಿಯ ಅವರ ಸ್ವಂತ ತೋಟದವು. ಅವುಗಳ ಸುತ್ತ ಇಡುತ್ತಿದ್ದ ಗೋಟಡಿಕೆಗಳೇ ಕಾಲಾಳುಗಳು. ಕಾಲಾಳುಗಳ ಬಗ್ಗೆ ಅವರಿಗೆ ಆಸಕ್ತಿ ಇರಲಿಲ್ಲ; ಪಾಠದ ನಡುವೆ ಒಂದೊಂದನ್ನೇ ಬಾಯಿಗೆ ಹಾಕಿಕೊಳ್ಳುತ್ತಿದ್ದರು. ಕಾಯಿಯನ್ನು ಮುಂದೆ ತಳ್ಳುವಾಗ ಗಂಟಲಿನಿಂದ ಘರ್ರ್ ಎಂದು ಎಂಜಿನ್ ಸದ್ದು ಹೊರಡಿಸುತ್ತಿದ್ದರು. ನಿವೃತ್ತಿಗೆ ಹತ್ತಿರವಾದ, ಕೋಟು ತೊಟ್ಟ ಮನುಷ್ಯ. ಮೊದಲ ಸಾಲಿನ ಹುಡುಗಿಯರು ಪುಸ್ತಕ ಹಿಂದಕ್ಕೆ ಎಳೆದುಕೊಳ್ಳುತ್ತಿದ್ದರು, ಎಂಜಲು ಹಾರುತ್ತಿತ್ತು.

ಅವರು ಓದಿದ್ದನ್ನು ನಾನು ನೋಡಿಲ್ಲ. ಸ್ಟಾಫ್ ರೂಮಿನಲ್ಲಿ ಮೊಬೈಲು ಹಿಡಿದು, ದೊಡ್ಡ ದನಿಯಲ್ಲಿ ಹಿಂದಿ ವಿಡಿಯೊ ಹಾಕಿಕೊಂಡು, ಟ್ಯಾಂಕು ಗುಂಡು ಹಾರಿಸಿದಾಗಲೆಲ್ಲ ತಲೆಯಾಡಿಸುತ್ತಿದ್ದರು. ಆ ಟ್ಯಾಂಕುಗಳು ಯಾರ ಕೆಲಸಕ್ಕೆ, ಯಾರನ್ನು ತುಳಿಯಲು ಹೊರಟಿದ್ದವು ಎಂಬ ಪ್ರಶ್ನೆ ಅವರ ಪಾಠದಲ್ಲಿ ಬರುತ್ತಿರಲಿಲ್ಲ. ಅವರ ಸಿದ್ಧಾಂತ ಕಡೂರಿನ ಕಾಯಿ ಮಂಡಿಯಲ್ಲಿ ಹುಟ್ಟಿದ್ದು.

"ಕಾಯಿ ತಗೊಳ್ಳೋನು ಏನ್ ಮಾಡ್ತಾನೆ? ಕೈಯಾಗೆ ಹಿಡ್ಕೊಂಡು ತೂಗ್ ನೋಡ್ತಾನೆ. ಬಣ್ಣ ನೋಡ್ತಾನೇನ್ರೋ? ಯುದ್ಧನೂ ಅಷ್ಟೇ ಕಣ್ರೋ. ತೂಕ ಇರೋದು ಗೆಲ್ತದೆ."

"ಮತ್ತೆ ಜರ್ಮನಿ ಯಾಕೆ ಸೋಲ್ತು ಸಾರ್?" ಎಂದು ಹಿಂದಿನ ಬೆಂಚಿನಿಂದ ಯಾರಾದರೂ ಕೇಳುತ್ತಿದ್ದರು.

"ಪೆಟ್ರೋಲ್ ಖಾಲಿಯಾಯ್ತು ಕಣ್ಲಾ! ಪೆಟ್ರೋಲ್ ಇದ್ದಿದ್ರೆ ಇವತ್ತು ನೀನು ಜರ್ಮನ್ ಭಾಷೇಲಿ ಲೀವ್ ಲೆಟರ್ ಬರೀತಿದ್ದೆ."

ತರಗತಿ ನಗುತ್ತಿತ್ತು. ಪರೀಕ್ಷೆಯಲ್ಲಿ ಅರ್ಧ ತರಗತಿ ಅದನ್ನೇ ಉತ್ತರವೆಂದು ಬರೆಯುತ್ತಿತ್ತು. ಆ ಪೆಟ್ರೋಲನ್ನು ದಾರಿಯಲ್ಲೇ ಸುಟ್ಟವರು ಯಾರು ಎಂದು ಅವರು ಎಂದೂ ಕೇಳಿಕೊಂಡಂತೆ ಕಾಣಲಿಲ್ಲ.

ತೂಕದ ಮೇಲಿನ ಈ ಭಕ್ತಿ ಪಾಠಕ್ಕೆ ಸೀಮಿತವಾಗಿರಲಿಲ್ಲ. ವಿದ್ಯಾರ್ಥಿಗಳನ್ನು ಹೆಬ್ಬೆ ಜಲಪಾತಕ್ಕೆ ಕರೆದೊಯ್ಯುವಾಗ ಎರಡು ಮಿನಿ ಬಸ್ಸು ಸಾಕು ಎಂದು ಎಲ್ಲರೂ ಹೇಳಿದರು. "ಗುಬ್ಬಚ್ಚಿ ಗಾಡೀಲಿ ಹೋಗಕ್ಕೆ ನಾವೇನು ಮದುವೆ ದಿಬ್ಬಣವಾ?" ಎಂದು ಊರಿನಲ್ಲಿದ್ದ ಅತಿ ಉದ್ದದ ಬಸ್ಸನ್ನೇ ಗೊತ್ತು ಮಾಡಿದರು. ಕೆಮ್ಮಣ್ಣುಗುಂಡಿಯ ಘಾಟಿಯ ಒಂದು ತಿರುವಿನಲ್ಲಿ ಅದು ಅಡ್ಡಲಾಗಿ ಸಿಕ್ಕಿಕೊಂಡಿತು. ಮುಂದೆ ಹೋಗಲಿಲ್ಲ, ಹಿಂದೆ ಬರಲಿಲ್ಲ. ಎರಡೂ ಕಡೆ ವಾಹನಗಳು ಸಾಲುಗಟ್ಟಿದವು. ಕಲ್ಲೇಶಪ್ಪನವರು ಬಸ್ಸಿನ ಮುಂದೆ ನಿಂತು, ಸೇನಾಧಿಪತಿಯಂತೆ ಕೈಯೆತ್ತಿ "ಬಾ, ಬಾ, ಬಾ" ಎನ್ನುತ್ತಿದ್ದರು. ಹುಡುಗರು ಬಾಡಿಗೆ ಜೀಪು ಹತ್ತಿ ಜಲಪಾತ ನೋಡಿ ಬಂದರು. ಬಸ್ಸು ಮಾತ್ರ ನೋಡಲಿಲ್ಲ, ಅದನ್ನು ಬಿಟ್ಟು ಬರಲೊಪ್ಪದ ಅವರೂ ನೋಡಲಿಲ್ಲ. ಇಳಿಯುವಾಗ ಅವರು ಹೇಳಿದ್ದು: "ಡ್ರೈವರ್‌ಗೆ ಗುಂಡಿಗೆ ಇಲ್ಲ ಕಣ್ರೀ."

ಈ ವರ್ಷ ಆಡಳಿತ ಮಂಡಳಿಯವರು ತರಗತಿ ನೋಡಲು ಬರುತ್ತಾರೆಂದು ತಿಳಿದಾಗ ಅವರು ಮೂರು ಮೇಜು ಜೋಡಿಸಿ ಕೆಮ್ಮಣ್ಣು ಸುರಿಸಿ ರಣರಂಗ ಕಟ್ಟಿಸಿದರು. ವಿವರಿಸುವ ಕೆಲಸ ನನಗೆ ಬಿತ್ತು. "ನೀವು ಇಂಗ್ಲಿಷ್ ಹೆಸರೆಲ್ಲ ಚೆನ್ನಾಗಿ ಹೇಳ್ತೀರಮ್ಮ. ಟೈಗರ್ ಹಿರಿಮೆ ಹೇಳಿ ಸಾಕು. ಹೆಣ್ಮಕ್ಳು ಯುದ್ಧದ ಒಳಗೆ ಜಾಸ್ತಿ ಹೋಗ್ಬಾರ್ದು."

ನಾನು ಒಳಗೆ ಹೋದೆ. ತರೀಕೆರೆಯಿಂದ ಬಂದಿದ್ದ ಮಂಡಳಿಯ ಅಧ್ಯಕ್ಷರು ಮೊದಲ ಕುರ್ಚಿಯಲ್ಲಿದ್ದರು. ಭಾರೀ ಟ್ಯಾಂಕನ್ನು ನಿಲ್ಲಿಸಲು ಅದಕ್ಕಿಂತ ಭಾರದ ಟ್ಯಾಂಕೇ ಬೇಕಿರಲಿಲ್ಲ ಎಂದೆ. ಕಾಯಿಗಳ ಸುತ್ತಲಿನ ಅಡಿಕೆಗಳನ್ನು ಮೊದಲು ತೆಗೆದೆ: ಫಿರಂಗಿ, ಮೆಷಿನ್ ಗನ್ನುಗಳ ಹೊಡೆತಕ್ಕೆ ಜೊತೆಗಿನ ಕಾಲಾಳುಗಳು ನೆಲಕಚ್ಚುತ್ತಾರೆ. ಈಗ ಟ್ಯಾಂಕು ಒಂಟಿ. ಅದರ ಒಳಗಿನಿಂದ ಕಾಣುವುದು ಒಂದು ಸೀಳಿನಷ್ಟು ಜಗತ್ತು. ಹುಣಸೆ ಬೀಜಗಳನ್ನು ಮಣ್ಣಿನಲ್ಲಿ ಹುದುಗಿಸಿದೆ: ಸೇನೆಯ ಎಂಜಿನಿಯರುಗಳು ಹೂತ ನೆಲಬಾಂಬು, ಟ್ಯಾಂಕಿನ ಚಕ್ರದ ಉಕ್ಕಿನ ಪಟ್ಟಿ ತುಂಡಾಗುತ್ತದೆ. ಎದುರಿಗೆ ಹಗುರ ಟ್ಯಾಂಕುಗಳು ಆಸೆ ತೋರಿಸಿ ಸೆಳೆಯುತ್ತವೆ. ಬದಿಯ ಪೊದೆಯಲ್ಲಿ ಅಡಗಿದ ತೋಪು ತೆಳುವಾದ ಪಕ್ಕೆಗೆ ಹೊಡೆಯುತ್ತದೆ. ವಿಮಾನಗಳು ಟ್ಯಾಂಕನ್ನು ಬಿಟ್ಟು ಹಿಂದೆ ಬರುವ ಪೆಟ್ರೋಲ್ ಲಾರಿಗಳನ್ನು ಸುಡುತ್ತವೆ. "ಇವುಗಳಲ್ಲಿ ಯಾವುದೂ ಒಂಟಿಯಾಗಿ ಟೈಗರಿಗೆ ಸಾಟಿಯಲ್ಲ. ರೇಡಿಯೊದಲ್ಲಿ ಪರಸ್ಪರ ಮಾತಾಡಿಕೊಂಡು, ಒಂದೇ ಹೊತ್ತಿಗೆ ಬಂದವು, ಅದಕ್ಕೆ ಗೆದ್ದವು," ಎಂದು ಮುಗಿಸಿದೆ.

ಅಧ್ಯಕ್ಷರು ಕೈತಟ್ಟಿದರು. ಕಲ್ಲೇಶಪ್ಪನವರೂ ತಟ್ಟಿದರು. "ನಮ್ಮ ಹುಡುಗಿ ಸಾರ್, ನಾನೇ ತಯಾರ್ ಮಾಡಿದ್ದು."

ಇಡೀ ಕಾಲೇಜಿನ ಟೈಮ್ ಟೇಬಲ್ ಹಾಕುತ್ತಿದ್ದವರು ಕಲ್ಲೇಶಪ್ಪನವರೇ. ಮುಂದಿನ ವಾರ ನನ್ನ ತರಗತಿಗಳೆಲ್ಲ ಕೊನೆಯ ಪೀರಿಯಡ್ಡಿಗೆ ಹೋದವು. ಆ ಹೊತ್ತಿಗೆ ಪಂಚನಹಳ್ಳಿ ಕಡೆಯ ಬಸ್ಸು ಹೊರಡುತ್ತದೆ. ವಿದ್ಯಾರ್ಥಿಗಳು ಅದನ್ನು ಬಿಟ್ಟರೆ ಮನೆಗೆ ಸೇರುವುದು ಕತ್ತಲಲ್ಲಿ. ಅಟೆಂಡರ್ ಸಿದ್ದಪ್ಪ ನನ್ನ ಕೊಠಡಿಗೆ ಬೀಗ ಹಾಕಿ, "ಸುಣ್ಣ ಹೊಡೀಬೇಕಂತೆ ಮೇಡಂ, ಸಾರ್ ಹೇಳವ್ರೆ," ಎಂದ. ಉಳಿದ ನಾಲ್ಕೈದು ಹುಡುಗಿಯರನ್ನು ವರಾಂಡದಲ್ಲಿ ಕೂರಿಸಿಕೊಂಡು ಪಾಠ ಮಾಡುವಾಗಲೇ ಪ್ರಾಂಶುಪಾಲರು ಆ ಕಡೆ ಬರುವಂತೆ ನೋಡಿಕೊಂಡರು. ತರೀಕೆರೆಯ ಅಧ್ಯಕ್ಷರಿಗೆ ಅವರಿಂದ ಫೋನು ಹೋಯಿತು: "ಆ ಯಮ್ಮನ ಕ್ಲಾಸಿಗೆ ಹುಡುಗ್ರು ಕೂರಲ್ಲ ಸಾರ್." ಎಂ.ಎ. ಮಾಡಿದ್ದ ಕಲ್ಲೇಶಪ್ಪನವರ ಅಕ್ಕನ ಮಗ ಅಷ್ಟರಲ್ಲಿ ಒಂದು ದಿನ ಬಂದು ಸ್ಟಾಫ್ ರೂಮಿನಲ್ಲಿ ಟೀ ಕುಡಿದು ಹೋಗಿದ್ದ.

ನಾನು ಮಾಡಿದ್ದೇನು? ಪ್ರಾಂಶುಪಾಲರ ಬಳಿ ಹೋಗಿ ವಿಷಯವನ್ನು ಕ್ರಮಬದ್ಧವಾಗಿ, ಒಂದು ಮಾತೂ ಹೆಚ್ಚಿಲ್ಲದಂತೆ ವಿವರಿಸಿದೆ. ನನ್ನ ವಾದದಲ್ಲಿ ಬಿರುಕಿರಲಿಲ್ಲ. ಅವರು ಗಡಿಯಾರ ನೋಡಿದರು. ಅರ್ಥಶಾಸ್ತ್ರದ ಅತಿಥಿ ಉಪನ್ಯಾಸಕಿ ರುಕ್ಮಿಣಿ ಕಾರಿಡಾರಿನಲ್ಲಿ ತಡೆದು ಕೇಳಿದಳು: "ನಮ್ಮ ಪೀರಿಯಡ್ಡೂ ಕಿತ್ಕೊಂಡವ್ರೆ ಕಣ್ರೀ. ನೀವು ಒಬ್ರೇ ಒಳಗೆ ಹೋಗಿ ಏನ್ ಮಾತಾಡಿದ್ರಿ?" ನನ್ನ ಸಮಸ್ಯೆ ಬೇರೆ ಎಂದು ಹೇಳಿ ಲೈಬ್ರರಿಗೆ ಹೋದೆ.

ಕೊನೆಯ ಬಾರಿ ಕಲ್ಲೇಶಪ್ಪನವರನ್ನು ನೋಡಿದ್ದು ಶುಕ್ರವಾರ ಸಂಜೆ, ನನ್ನ ಬಳಿಯಿದ್ದ ವಿಭಾಗದ ಬೀಗದ ಕೈಯನ್ನು ಅವರು ಕೇಳಿ ಕಳಿಸಿದಾಗ. ಅವರು ರಣರಂಗ ಬಿಚ್ಚಿ ಕಾಯಿಗಳನ್ನು ಚೀಲಕ್ಕೆ ತುಂಬುತ್ತಿದ್ದರು.

"ಬೇಜಾರ್ ಮಾಡ್ಕೋಬ್ಯಾಡಮ್ಮ. ನಿಮ್ಮ ಕೆಲಸದ ವಿಷ್ಯ ನಾಳೆ ಸಂಜೆ ಕಮಿಟಿ ಕೂತು ತೀರ್ಮಾನ ಮಾಡ್ತದೆ. ನಂದೇನೈತೆ ಇದ್ರಾಗೆ? ವರ್ಕ್‌ಲೋಡ್ ಇಲ್ಲ ಅಷ್ಟೇ."

"ಟೈಮ್ ಟೇಬಲ್ ಬದಲಾಯಿಸಿದ್ದು ನೀವು."

"ಬದಲಾಯಿಸ್ದೆ. ಸೀನಿಯರ್ ಅಲ್ವಾ ನಾನು? ಮೂವತ್ತು ವರ್ಷದ ಸರ್ವಿಸು." ಒಂದು ಕಾಯಿಯನ್ನು ಅಂಗೈಯಲ್ಲಿ ತೂಗಿದರು. "ನೀವು ಅವತ್ತು ಏನೇನೋ ಹೇಳಿದ್ರಿ, ಪೊದೆ, ರೇಡಿಯೊ, ಹುಣಸೆ ಬೀಜ. ಮಕ್ಳಾಟ ಅದು. ಕೊನೆಗೆ ಗೆಲ್ಲೋದು ತೂಕ ಕಣಮ್ಮ."

ನಾನು ಅವರ ಮುಖವನ್ನೇ ನೋಡಿದೆ. ವ್ಯಂಗ್ಯವಿರಲಿಲ್ಲ. ನಿಜವಾಗಿಯೂ ತಮ್ಮ ಹಿರಿತನದ ಭಾರಕ್ಕೆ ನಾನು ಮುರಿದೆನೆಂದು ಅವರು ನಂಬಿದ್ದರು. ಬಸ್ಸಿನ ವೇಳೆ, ಸಿದ್ದಪ್ಪನ ಬೀಗ, ಪ್ರಾಂಶುಪಾಲರ ಓಡಾಟ, ತರೀಕೆರೆಯ ಫೋನು, ಇವೆಲ್ಲವನ್ನೂ ಒಂದೇ ವಾರದಲ್ಲಿ ಒಂದೇ ಗುರಿಗೆ ತಿರುಗಿಸಿದ ಮನುಷ್ಯನಿಗೆ ತಾನು ಮಾಡಿದ್ದೇನೆಂದು ಗೊತ್ತಿರಲಿಲ್ಲ. ತನ್ನ ಗೆಲುವಿನ ಕಾರಣವೂ ತಿಳಿಯದ ದಡ್ಡತನವನ್ನು ನಾನು ಹಿಂದೆಂದೂ ಇಷ್ಟು ಹತ್ತಿರದಿಂದ ನೋಡಿರಲಿಲ್ಲ. ಆದರೆ ಮೇಜಿನ ಮೇಲೆ ಅದನ್ನೆಲ್ಲ ಬಿಡಿಸಿ ತೋರಿಸಿದವಳು ನಾನು. ಕಾಲಾಳಿಲ್ಲದೆ ಒಂಟಿಯಾಗಿ ಪ್ರಾಂಶುಪಾಲರ ಕೋಣೆಗೆ ನುಗ್ಗಿದವಳೂ ನಾನೇ.

ಬೀಗದ ಕೈ ಮೇಜಿನ ಮೇಲಿಟ್ಟೆ. ಅವರು ಚೀಲ ಹೆಗಲಿಗೇರಿಸಿ, ಏದುಸಿರು ಬಿಡುತ್ತ ಮೆಟ್ಟಿಲಿಳಿದರು. ನಾನು ನೆರವಿಗೆ ಹೋಗಲಿಲ್ಲ.

ಮರುದಿನ ಬೆಳಿಗ್ಗೆ ಅಜ್ಜಂಪುರದ ಬಸ್ಸು ಹತ್ತಿದೆ. ರುಕ್ಮಿಣಿಯ ಊರು ಅದೆಂದು ಗೊತ್ತಿತ್ತು, ಮನೆ ಗೊತ್ತಿರಲಿಲ್ಲ. ನಿಲ್ದಾಣದಲ್ಲಿ ಹೂವು ಕಟ್ಟುತ್ತಿದ್ದವಳನ್ನು ಕೇಳಿಕೊಂಡು ಹೋದೆ. ಬಾಗಿಲಿಗೆ ನೀರು ಹಾಕುತ್ತಿದ್ದ ರುಕ್ಮಿಣಿ ಬಕೆಟ್ಟು ಕೆಳಗಿಟ್ಟಳು.

"ಅಯ್ಯೋ, ಯಾರಪ್ಪಾ ಇದು! ದಾರಿ ತಪ್ಪಿದ್ರಾ ಮೇಡಂ?"

"ಇಲ್ಲ. ಸಂಜೆ ಕಮಿಟಿ ಕೂರುವುದರೊಳಗೆ ತರೀಕೆರೆಗೆ ಹೋಗಿ ಅಧ್ಯಕ್ಷರನ್ನು ಕಾಣಬೇಕು. ಬರ್ತೀರಾ?"

"ನಾವಿಬ್ರೇನಾ?"

"ಬಸ್ಸಿಗೆ ಹೋಗೋ ಹುಡುಗಿಯರು ಬೇಕು. ಪೀರಿಯಡ್ ಕಳೆದುಕೊಂಡವರೆಲ್ಲ ಬೇಕು. ಬೀಗದ ವಿಷಯ ಹೇಳಕ್ಕೆ ಸಿದ್ದಪ್ಪನೂ ಬಂದರೆ ಒಳ್ಳೇದು. ನನ್ನ ಹತ್ರ ಯಾರ ನಂಬರೂ ಇಲ್ಲ."

ಅವಳು ಒದ್ದೆ ಕೈಯನ್ನು ಸೆರಗಿಗೆ ಒರೆಸಿಕೊಂಡಳು. "ಎರಡು ವರ್ಷ ಆದ್ಮೇಲೆ ಬಾಯ್ ಬಿಟ್ರಲ್ಲ ಮಾರಾಯ್ತಿ," ಎಂದು ಫೋನು ತಂದಳು. ನಾನು ಅವಳ ಮನೆಯ ಮೆಟ್ಟಿಲ ಮೇಲೆ ಕುಳಿತೆ. ಅವಳು ಒಬ್ಬೊಬ್ಬರನ್ನೇ ಹೆಸರು ಹಿಡಿದು ಕರೆಯುತ್ತಿದ್ದಳು. ಕೆಲವು ಹೆಸರುಗಳನ್ನು ನಾನು ಮೊದಲ ಸಲ ಕೇಳುತ್ತಿದ್ದೆ.