ಮಿಡಿ ಬಿಡದ ಮರ

ಹೊಸನಗರದ ರಸ್ತೆ ಅಗಲ ಮಾಡಲು ಸರ್ಕಾರ ನಮ್ಮಿಂದ ತೆಗೆದುಕೊಂಡದ್ದು ಒಂದು ಪಟ್ಟಿ ಜಾಗ, ಅದರಲ್ಲಿದ್ದ ಒಂದು ಅಪ್ಪೆಮಿಡಿ ಮಾವಿನ ಮರ. ಜಾಗದ ಬಗ್ಗೆ ಅಪ್ಪಯ್ಯ ತಲೆ ಕೆಡಿಸಿಕೊಳ್ಳಲಿಲ್ಲ. ಮರಕ್ಕಾಗಿ ಮಾತ್ರ ಎರಡು ವರ್ಷ ಚಪ್ಪಲಿ ಸವೆಸಿದ. ಅದರ ಎಳೆಯ ಮಿಡಿಗಳ ಉಪ್ಪಿನಕಾಯಿ ನಾಲ್ಕು ವರ್ಷ ಇಟ್ಟರೂ ಮೆತ್ತಗಾಗುತ್ತಿರಲಿಲ್ಲ. ಜಾಡಿಯ ಮುಚ್ಚಳ ತೆಗೆದರೆ ಜಗುಲಿಯಲ್ಲಿ ಕೂತವರಿಗೂ ಹಸಿವಾಗುತ್ತಿತ್ತು.

ಅಂಥ ಮರ ಇದ್ದವನು ಮೊದಲು ಕಲಿಯಬೇಕಾದ ವಿದ್ಯೆ, ಕೇಳಿ ಬಂದವರಿಗೆ ಮರದಲ್ಲಿ ಏನೂ ಇಲ್ಲ ಎನ್ನುವುದು. ನಮ್ಮ ಕಡೆ ಇದನ್ನು ಯಾರೂ ಸುಳ್ಳು ಎನ್ನುವುದಿಲ್ಲ. ಬೇಸಿಗೆ ಹತ್ತಿರವಾದರೆ ತೀರ್ಥಹಳ್ಳಿಯಿಂದ ಅತ್ತೆಯ, ಅಂದರೆ ಅಪ್ಪಯ್ಯನ ಅಕ್ಕನ, ಫೋನು ಬರುತ್ತಿತ್ತು.

"ಮಿಡಿ ಬಿಟ್ಟಿದ್ದಾ ತಮ್ಮಾ?"

"ಎಲ್ಲಿದ್ದು ಅಕ್ಕಾ, ಇಬ್ಬನಿ ಬಿದ್ದು ಹೂವೆಲ್ಲಾ ಕರಟಿ ಹೋತು."

ಹಿತ್ತಲಲ್ಲಿ ಅಮ್ಮ ಆಗ ಮೂರನೇ ಮೂಟೆಯ ಮಿಡಿ ಆರಿಸುತ್ತಿರುತ್ತಿದ್ದಳು. ಅತ್ತೆ ಮದುವೆಯಾಗಿ ಹೋಗುವವರೆಗೆ ಅದೇ ಮರದ ಕೆಳಗೆ ಆಡಿದವಳು. ಕೇಳಿಸಿಕೊಂಡೂ ಸುಮ್ಮನೆ ಮಿಡಿ ಕಚ್ಚುತ್ತಿದ್ದ ನಾನೂ ಸಾಚಾ ಅಲ್ಲ.

ಮರಗಳ ಪಟ್ಟಿ ಮಾಡಲು ಅಧಿಕಾರಿ ಬಂದದ್ದು ಮಳೆಗಾಲ ಮುಗಿದ ಮೇಲೆ. ಮರದಲ್ಲಿ ಬರೀ ಎಲೆ. "ಯಜಮಾನ್ರೇ, ಇದು ಫಸಲು ಕೊಡುತ್ತಾ?" ಎಂದು ಕೇಳಿದರು. ಅದು ಮರ ಕಡಿಯುವ ಪಟ್ಟಿ ಎಂದು ಹೊಳೆಯದೆ, ಹೌದೆಂದರೆ ಮುಂದಿನ ಬೇಸಿಗೆಗೆ ಸಾಹೇಬರ ಮನೆಗೂ ಒಂದು ಮೂಟೆ ಕಳಿಸಬೇಕಾದೀತು ಎಂದು ಅಪ್ಪಯ್ಯನ ತಲೆ ಚಕಚಕ ಓಡಿತು.

"ಎಂಥದೂ ಇಲ್ಲ ಸಾರ್. ಕಾಡುಮರ. ಸುಮ್ನೆ ನಿಂತಿದೆ ಅಷ್ಟೆ."

ಅಧಿಕಾರಿ ಬರೆದುಕೊಂಡರು, ಅಪ್ಪಯ್ಯ ಸಹಿ ಹಾಕಿದ. ರಾತ್ರಿ ಊಟಕ್ಕೆ ಕೂತಾಗ, ಸರ್ಕಾರದ ಬಾಯಿಂದ ಮಿಡಿ ಉಳಿಸಿದೆ ಎಂದು ಬೀಗಿದ.

ನೋಟಿಸು ಬಂತು. ಕಾಡುಮಾವು, ಫಲವಿಲ್ಲ, ಪರಿಹಾರ ಸೌದೆಯ ಲೆಕ್ಕದಲ್ಲಿ. ಜೀವಮಾನದಲ್ಲಿ ಒಮ್ಮೆ ಸರ್ಕಾರ ನಮ್ಮ ಮಾತನ್ನು ನಂಬಿತು, ಅದೂ ಈ ಮಾತನ್ನು. ಅಷ್ಟರಲ್ಲಿ ಮರ ಕಡಿದು, ಆ ಸೌದೆಯನ್ನೂ ಗುತ್ತಿಗೆದಾರ ಲಾರಿಗೆ ತುಂಬಿಕೊಂಡು ಹೋಗಿದ್ದ.

ಫಸಲಿನ ಮರ ಎಂದು ತಿದ್ದಿಸಲು ಅಪ್ಪಯ್ಯ ಹೊರಟ. ಹೊಸನಗರದ ಕಚೇರಿಯವರು ಸಾಗರಕ್ಕೆ ಹೋಗಿ ಎಂದರು, ಸಾಗರದವರು ಫೈಲು ಹೊಸನಗರದಲ್ಲಿದೆ ಎಂದರು. ಒಬ್ಬರಂತೂ ಮರ ತೋರಿಸಿ ಎಂದರು. ಅದು ಇದ್ದ ಜಾಗದ ಮೇಲೇ ನಿಮ್ಮ ಜೀಪು ಬಂದದ್ದು ಎನ್ನಬೇಕೆಂದು ನನ್ನ ನಾಲಿಗೆ ತುರಿಸಿತು, ಅಪ್ಪಯ್ಯ ನನ್ನ ಕೈ ಹಿಡಿದ. ಕೊನೆಗೆ, ಮನೆಯವರಲ್ಲದ ಒಬ್ಬ ಸಾಕ್ಷಿಯನ್ನು ತನ್ನಿ ಎಂದು ವಿಚಾರಣೆಗೆ ದಿನ ಕೊಟ್ಟರು.

ಮಿಡಿ ಕೊಳ್ಳುತ್ತಿದ್ದ ವ್ಯಾಪಾರಿ, ಬಿಲ್ಲು ಎಂಬ ಮಾತು ಕಿವಿಗೆ ಬಿದ್ದದ್ದೇ ಅಪ್ಪಯ್ಯನ ಪರಿಚಯವನ್ನೇ ಮರೆತ. ಪಕ್ಕದ ಮನೆಯವನು ಬಹಳ ವಿನಯದಿಂದ, "ಮಿಡಿ ಬಿಡ್ತಿಲ್ಲೆ ಹೇಳಿ ನೀನೇ ಹೇಳಿದ್ಯಲ ಮಾರಾಯ" ಎಂದು ಕಾಫಿ ಕೊಟ್ಟು ಕಳಿಸಿದ. ಉಳಿದವಳು, ಮದುವೆಯಾಗಿ ಬೇರೆ ಮನೆ ಸೇರಿದ್ದ ಅತ್ತೆ ಒಬ್ಬಳೇ. ಅಪ್ಪಯ್ಯ ಫೋನಿನಲ್ಲಿ ಏನು ಹೇಳಿದನೋ, ವಿಚಾರಣೆಯ ದಿನ ಅವಳು ತೀರ್ಥಹಳ್ಳಿಯಿಂದ ಬಸ್ಸು ಹತ್ತಿ ಸಾಗರಕ್ಕೆ ಬಂದಳು. ಗುರುತು ಹಿಡಿಯಲೆಂದು ಅಪ್ಪಯ್ಯ ಆ ಮರದ ಕೊನೆಯ ಜಾಡಿಯನ್ನು ಚೀಲದಲ್ಲಿ ಹೊತ್ತು ತಂದಿದ್ದ.

ಸಾಗರದ ಸಾಹೇಬರ ಎದುರು ಅತ್ತೆ ಒಂದು ಮಿಡಿ ಕಚ್ಚಿದಳು. ಬಹಳ ಹೊತ್ತು ಅಗಿದಳು.

"ನಮ್ಮ ಮರದ್ದೇ ಸಾರ್. ನಾನು ಸಣ್ಣವಳಿದ್ದಾಗ ತಿಂದ ರುಚಿ."

"ಆಮೇಲೂ ಪ್ರತಿ ವರ್ಷ ಬಿಡ್ತಿತ್ತಾ ಅಮ್ಮಾ?"

"ಅದು ಗೊತ್ತಿಲ್ಲ. ಮೂವತ್ತು ವರ್ಷದಿಂದ ಪ್ರತಿ ವರ್ಷ ಕೇಳಿದೀನಿ. ಇಲ್ಲ ಅಂತ ಹೇಳ್ತಿದ್ದ. ನನ್ನ ತಮ್ಮ ಸುಳ್ಳು ಹೇಳೋನಲ್ಲ."

ನನಗೆ ನಗು ಬಂತು, ಅದರ ಹಿಂದೆಯೇ ನಾಚಿಕೆಯೂ ಬಂತು. ಅಪ್ಪಯ್ಯ ನೆಲ ನೋಡುತ್ತ, "ಬಿಡ್ತಿತ್ತು ಸಾರ್. ಒಂದು ವರ್ಷನೂ ತಪ್ಪಿಸಿಲ್ಲ" ಎಂದ. ಮರದ ಬಗ್ಗೆ ಅವನು ನಾಲ್ಕು ಜನರ ಎದುರು ನಿಜ ಹೇಳಿದ್ದು ಅದೇ ಮೊದಲು.

ಸಾಹೇಬರು ಹಳೆಯ ಸಹಿಯನ್ನು ತೋರಿಸಿದರು. "ಕಡಿಯೋವರೆಗೆ ಯಾರ ಮರಾನೂ ಬಿಡಲ್ಲ, ಕಡಿದ ಮೇಲೆ ಎಲ್ಲರದ್ದೂ ಬಿಡುತ್ತೆ. ನಾವು ಯಾವುದನ್ನ ನಂಬೋದು?" ಎಂದು ಫೈಲು ಮುಚ್ಚಿದರು. ಸೌದೆ ಸೌದೆಯಾಗಿಯೇ ಉಳಿಯಿತು.

ಬಸ್ ಸ್ಟ್ಯಾಂಡಿನ ಕಲ್ಲುಬೆಂಚಿನ ಮೇಲೆ ಅಪ್ಪಯ್ಯ ಚೀಲ ಬಿಚ್ಚಿ, ಜಾಡಿಯನ್ನು ಅಕ್ಕನ ಮಡಿಲಲ್ಲಿ ಇಟ್ಟ. ಅತ್ತೆ ಸೆರಗಿನಿಂದ ಅದರ ಬಾಯಿ ಒರೆಸಿ, ಮುಚ್ಚಳ ಬಿಗಿ ಮಾಡಿದಳು.

"ಹಂಗಾರೆ ಈ ವರ್ಷ ಮಿಡಿ ಬಿಟ್ಟಿದ್ದಾ ತಮ್ಮಾ?" ಎಂದು ಕೇಳಿದಳು.

ಅಪ್ಪಯ್ಯ ಇಬ್ಬನಿಯ ಸುದ್ದಿ ಎತ್ತಲಿಲ್ಲ.