ಎಲ್ಲರ ಹಿಂದೆ ನಡೆದವರು

ಐದು ವರ್ಷದ ಹಿಂದಿನ ಮಾತು. ಪೀಣ್ಯದ ಒಂದು ಬಿಡಿಭಾಗಗಳ ಕಾರ್ಖಾನೆಯಲ್ಲಿ ನಾನು ಸೇಫ್ಟಿ ಆಫೀಸರ್. ವರ್ಷಕ್ಕೊಮ್ಮೆ ನೌಕರರನ್ನು ಬೆಟ್ಟ ಹತ್ತಿಸುವ ಕೆಲಸವೂ ನನ್ನದೇ. ಚಿಂತೆ ಮಾಡುವುದಕ್ಕೇ ಸಂಬಳ ಕೊಡುವ ಹುದ್ದೆ ಅದು. ಸಂಬಳವಿಲ್ಲದಿದ್ದರೂ ನಾನು ಮಾಡುತ್ತಿದ್ದೆ ಎಂಬುದು ನನ್ನ ಹೆಂಡತಿಯ ಅಭಿಪ್ರಾಯ.

ಎಲ್ಲರಿಂದಲೂ ಹೆಲ್ತ್ ಫಾರಂ ತುಂಬಿಸಿದ್ದೆ. ಬಿಪಿ, ಶುಗರ್, ಹಳೇ ಪೆಟ್ಟು. ಸ್ಟೋರ್ಸ್‌ನ ಗಾಯತ್ರಿ ಮೇಡಂ ಮಂಡಿನೋವು ಎಂದು ಬರೆದಿದ್ದರಿಂದ ದಾರಿಯುದ್ದಕ್ಕೂ ಅವರ ಬೆನ್ನಿಗೇ ಅಂಟಿಕೊಂಡಿದ್ದೆ. "ಸಾರ್, ನೀವು ಮುಂದೆ ಹೋಗಿ. ನಿಮ್ಮ ಮುಖ ನೋಡಿದ್ರೇನೇ ಮಂಡಿ ನೋಯುತ್ತೆ" ಎಂದರು.

ರುದ್ರಪ್ಪನವರ ಫಾರಂನಲ್ಲಿ ಎಲ್ಲದಕ್ಕೂ 'ಇಲ್ಲ'. ದಾವಣಗೆರೆ ಕಡೆಯವರು, ಟೂಲ್ ರೂಮ್ ಸೂಪರ್‌ವೈಸರ್, ಆ ಬೆಟ್ಟವನ್ನು ನಾಲ್ಕು ಸಲ ಹತ್ತಿದವರು. ಗುಂಪಿನಲ್ಲಿ ಗಟ್ಟಿಗರೊಬ್ಬರನ್ನು ಎಲ್ಲರ ಹಿಂದೆ ನಡೆಸುವುದು ಪದ್ಧತಿ, ಆ ಸಲ ಇವರನ್ನು ನಿಲ್ಲಿಸಿದ್ದೆ. ಯಾರೂ ಹಿಂದುಳಿಯದಂತೆ ಹಿಂದಿನವರು ನೋಡಿಕೊಳ್ಳಬೇಕು. ಅವರನ್ನು ಯಾರು ನೋಡಿಕೊಳ್ಳಬೇಕು ಎಂಬುದಕ್ಕೆ ಪದ್ಧತಿ ಇರಲಿಲ್ಲ.

ಹನ್ನೊಂದಕ್ಕೆ ತುದಿಯಲ್ಲಿ ತಲೆ ಎಣಿಸಿದೆ. ಇಪ್ಪತ್ತೆರಡರ ಬದಲು ಇಪ್ಪತ್ತೊಂದು. ನನ್ನನ್ನೇ ಎಣಿಸದೆ ಬಿಟ್ಟಿದ್ದೇನೆಂದು ಸಮಾಧಾನಪಟ್ಟೆ, ಬಿಟ್ಟಿರಲಿಲ್ಲ. ಬಾರದೆ ಉಳಿದವರು ರುದ್ರಪ್ಪನವರು, ಅವರ ಫೋನ್ ಸಿಗಲಿಲ್ಲ. ಸುತ್ತ ಕಾದ ಬಂಡೆ.

ಅರ್ಧ ದಾರಿ ಓಡಿ ಇಳಿದಾಗ ಕಂಡರು. ದಾರಿ ಬಿಟ್ಟು ಬಂಡೆಯ ಅಂಚಿನಲ್ಲಿ ಕೂತಿದ್ದರು. ಎರಡು ಹೆಜ್ಜೆ ಆಚೆ ಪ್ರಪಾತ. ಮೈ ಕೆಂಡದಂತೆ ಸುಡುತ್ತಿತ್ತು, ಹೆಸರು ಕೂಗಿದರೆ ಓಗೊಡಲಿಲ್ಲ. ಬ್ಯಾಗಿನಲ್ಲಿದ್ದ ನೀರಿನ ಬಾಟಲಿಯ ಸೀಲು ಕೂಡ ಒಡೆದಿರಲಿಲ್ಲ. ಬಂಡೆಸಂದಿನ ನೆರಳಿಗೆ ಎಳೆದು ತಂದು, ಕತ್ತಿಗೆ ಒದ್ದೆ ಟವೆಲ್ ಸುತ್ತಿದೆ. ಕಣ್ಣು ನನ್ನ ಮೇಲೆ ನಿಂತ ಮೇಲೆ ಗುಟುಕು ಗುಟುಕಾಗಿ ನೀರು ಕುಡಿಸಿದೆ.

ಅರ್ಧ ಗಂಟೆಯ ನಂತರ ಮಾತು ಹೊರಟಿತು. ಏಳು ದಿನದಿಂದ ನಿದ್ದೆಯಿಲ್ಲವಂತೆ. ಮನೆಯಲ್ಲಿ ಕೂರಲಾಗದೆ ಬಂದರಂತೆ. ಫಾರಂನಲ್ಲಿ ಯಾಕೆ ಬರೆಯಲಿಲ್ಲ ಎಂದು ರೇಗಿದೆ.

"ಎಲ್ಲಿ ಬರೀಲಿ ಸಾರ್? ಮಗಳ ಮದುವೆ ಆತು ಅಂದ್ರೆ ಅದೇನು ಕಾಯಿಲೇನಾ?"

ವಾರದ ಹಿಂದಿನ ಆ ಮದುವೆಯಲ್ಲಿ ನಾನೇ ಎರಡು ಹೋಳಿಗೆ ತಿಂದು ಬಂದಿದ್ದೆ. ಹೆಣ್ಣು ಒಪ್ಪಿಸುವಾಗ ಅವರು ಕಂಬ ಹಿಡಿದು ನಿಂತದ್ದನ್ನೂ ಕಂಡಿದ್ದೆ. ಟ್ರಾಫಿಕ್ ಚಿಂತೆಯಲ್ಲಿ ಬೇಗ ಹೊರಟಿದ್ದೆ.

ಈಗ ಹಿಂದೆ ಇಬ್ಬರು ನಡೆಯುತ್ತಾರೆ. ಫಾರಂಗೆ ಒಂದು ಸಾಲು ಸೇರಿಸಿದ್ದೇನೆ: ಈಚೆಗೆ ಮನೆಯಲ್ಲಿ ಏನಾದರೂ ಬದಲಾಗಿದೆಯೇ? ಹೆಚ್ಚಿನವರು 'ಇಲ್ಲ' ಎಂದೇ ಬರೆಯುತ್ತಾರೆ. ಬರೆಯುವ ಮೊದಲು ಯಾರ ಪೆನ್ನು ಒಂದು ಕ್ಷಣ ನಿಂತಿತೆಂದು ನೋಡಿಕೊಂಡು, ಅವರ ಪಕ್ಕದಲ್ಲಿ ನಡೆಯುತ್ತೇನೆ.