ಹಿಮ್ಮುಖವಾಗಿ ಅಳೆದ ಬಾವಿ

ಬಳ್ಳಾರಿಯ ಸರ್ವೆ ಕಚೇರಿಯಲ್ಲಿ ನಾನು ನಕ್ಷೆ ಬರೆಯುತ್ತಿದ್ದ ಕಾಲ. ಬೇಸಿಗೆಯಲ್ಲಿ ಗುಡ್ಡ ಹಗಲೆಲ್ಲ ಕಾದು, ಸಂಜೆಗೆ ಆ ಕಾವನ್ನೆಲ್ಲ ನಮ್ಮ ಮೇಲೇ ಸುರಿಯುತ್ತಿತ್ತು. ಬೆವರು ಬಿದ್ದು ಮಸಿ ಹರಡಿದರೆ ಬರೆದದ್ದನ್ನೇ ಮತ್ತೆ ಬರೆಯಬೇಕು. ಆ ಕೆಲಸ ನನಗೆ ಸಾಕುಸಾಕಾಗಿತ್ತು.

ಅಂಥ ಒಂದು ದಿನ ಕುರುಗೋಡಿನಿಂದ ವಿಧವೆಯೊಬ್ಬಳು ಬಂದು ಕಚೇರಿಯ ಮೆಟ್ಟಿಲ ಮೇಲೆ ಕೂತಳು. ನಮ್ಮ ಹೊಸ ನಕ್ಷೆ ಅವಳ ಬಾವಿಯನ್ನು ದರ್ಗಾದ ಆಚೆ ಬದಿಗೆ, ಬರಡು ನೆಲದಲ್ಲಿ ತೋರಿಸಿತ್ತು. ಪಕ್ಕದ ಹೊಲದವನಿಗೆ ಅಷ್ಟೇ ಸಾಕಾಯಿತು. "ನಿನ್ನ ಬಾವಿ ಅಲ್ಲೈತಿ, ಹೋಗಿ ಸೇದ್ಕೋ. ಈ ಬದುವಿನ ಹತ್ರ ಇರೋದು ನಂದು" ಎಂದು ಬಾವಿಗೆ ಜಾಲಿಮುಳ್ಳು ಮುಚ್ಚಿಸಿದ್ದನಂತೆ.

"ಮೆಣಸಿನ ಗಿಡ ಬಾಡಾಕ ಹತ್ಯಾವ್ರಿ. ಲಗೂನ ಏನರ ಮಾಡ್ರಿ" ಎಂದಳು.

ಅಳತೆ ಪುಸ್ತಕ ತೆಗೆದು ನೋಡಿದೆ. ದರ್ಗಾದ ಕಟ್ಟೆಯಿಂದ ಬಾವಿಗೆ ಇಷ್ಟು ಸರಪಳಿ ದೂರ, ಉತ್ತರದಿಂದ ಇನ್ನೂರ ಹತ್ತು ಡಿಗ್ರಿ. ನಕ್ಷೆಯಲ್ಲೂ ಅದೇ ಇತ್ತು. ಸ್ಥಳಕ್ಕೇ ಹೋಗಿ ನೋಡಬೇಕೆಂದರೆ ಮೇಲಿನವರ ಅಪ್ಪಣೆ ಬೇಕು. ಅದು ಮೇಜಿನಿಂದ ಮೇಜಿಗೆ ತೆವಳಿ ಬರುವ ಹೊತ್ತಿಗೆ ಹುಣ್ಣಿಮೆ, ಅಮಾವಾಸ್ಯೆ ಎರಡೂ ಕಳೆದಿದ್ದವು. ಎತ್ತಿನ ಗಾಡಿಯಲ್ಲಿ ಸೊಂಟ ಹಿಡಿದುಕೊಂಡು, ದಾರಿಯುದ್ದಕ್ಕೂ ಎಲ್ಲರನ್ನೂ ಬೈಯುತ್ತ ಕುರುಗೋಡು ಸೇರಿದೆ.

ಮೊದಲು ಅಳೆದಿದ್ದ ಮುದುಕರನ್ನು ಸಿರುಗುಪ್ಪದಿಂದ ಕರೆಸಿದ್ದರು. ಮತ್ತೊಮ್ಮೆ ಅಳೆಯಿರಿ ಎಂದೆ. ಅವರು ದರ್ಗಾಕ್ಕೆ ಸಲಾಮು ಮಾಡಿ, ದಿಕ್ಸೂಚಿಯನ್ನು ಎದೆಗೆ ಹಿಡಿದು, ಮುಖ ದರ್ಗಾದ ಕಡೆಗೇ ಇಟ್ಟುಕೊಂಡು, ಸರಪಳಿ ಎಳೆಯುತ್ತ ಹಿಂದಹಿಂದಕ್ಕೆ ನಡೆದು ಬಾವಿ ಮುಟ್ಟಿದರು.

"ಇದೇನ್ರಿ ಚಾಚಾ?"

"ಪೀರರಿಗೆ ಬೆನ್ನು ಹ್ಯಾಂಗ ತೋರಸ್ಲಿ ಸಾಹೇಬ್ರ?"

ಅವರು ಬರೆಸಿದ್ದು ತಮ್ಮ ಮುಖ ನೋಡುತ್ತಿದ್ದ ದಿಕ್ಕು. ಕಚೇರಿಯಲ್ಲಿ ಅದನ್ನೇ ನಡೆದ ದಿಕ್ಕು ಎಂದುಕೊಂಡೆವು. ನನಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ. ಕಟ್ಟೆಯ ಬಳಿ ನಿಂತು ಇನ್ನೂರ ಹತ್ತರ ನೇರ ಎದುರಿಗೆ, ಅಂದರೆ ಉತ್ತರದಿಂದ ಮೂವತ್ತು ಡಿಗ್ರಿ ತಿರುಗಿ ಮುಂದೆ ನಡೆದರೆ ಆ ಬಾವಿ. ಒಂದು ಪೂರ್ತಿ ಸುತ್ತು ಹೆಚ್ಚಿಗೆ ತಿರುಗಿ ಮುನ್ನೂರ ತೊಂಬತ್ತು ಎಂದರೂ ಅದೇ ಬಾವಿ. ಇನ್ನೂರ ಹತ್ತಕ್ಕೆ ಮುಖ ಮಾಡಿ ಅಷ್ಟೇ ದೂರ ಹಿಂದಕ್ಕೆ ನಡೆದರೂ ಅದೇ. ಆದರೆ ಆಗ ದೂರದ ಅಂಕಿಗೆ ಒಂದು ಋಣಚಿಹ್ನೆ ಇರಬೇಕು. ಆ ಸಣ್ಣ ಗೆರೆ ಯಾರಿಗೂ ಹೊಳೆದಿರಲಿಲ್ಲ.

ಅಲ್ಲೇ ಕೂತು ಮೂವತ್ತು ಎಂದು ತಿದ್ದಿ ಸಹಿ ಹಾಕಿದೆ. ಪಕ್ಕದ ಹೊಲದವನು ಗೊಣಗುತ್ತ ಮುಳ್ಳು ತೆಗೆಸಿದ. ದಣಿವಿನಲ್ಲೂ ನನಗೆ ತುಸು ಸಮಾಧಾನವಾಯಿತು.

"ಹ್ಯಾಂಗ ಬರದ್ರೂ ನಿಮ್ಮ ಬಾವಿ ಇದ್ದಲ್ಲೇ ಇರ್ತೈತಿ ತಾಯಿ" ಎಂದೆ.

"ಹೌದ್ರಿ, ಬಾವಿ ಇದ್ದಲ್ಲೇ ಐತಿ" ಎಂದಳು. ಆಗ ನಾನು ಹೊಲದ ಕಡೆ ನೋಡಿದೆ. ಗಿಡಗಳು ಬುಡದವರೆಗೂ ಒಣಗಿ ನಿಂತಿದ್ದವು.

ಅವಳು ಕೊಡ ಇಳಿಬಿಟ್ಟು ನೀರು ಸೇದಿ, ಮೊದಲು ಮುದುಕರಿಗೆ, ಆಮೇಲೆ ನನಗೆ ಹಿಡಿದಳು.

"ಹೊಟ್ಟಿ ತುಂಬ ಕುಡೀರಿ. ಗಿಡಕ್ಕಂತೂ ಇನ್ನ ಬೇಕಾಗಿಲ್ಲ."